ಮೊದಲು ಹೇಳಬೇಕಾದ ತಿಂಡಿ

ನನ್ನ ಮೇಷ್ಟರ ಮಾತು ಹೋಯಿತೆಂಬ ಸುದ್ದಿಯನ್ನು ನಾನು ನಂಬಲಿಲ್ಲ. ವಡೋದರಾದಲ್ಲಿ ಜೀವಮಾನವಿಡೀ ಭಾಷೆಯ ತತ್ತ್ವಶಾಸ್ತ್ರವನ್ನು ಬೋಧಿಸಿದವರು ಅವರು. ಪಾರ್ಶ್ವವಾಯು ಬಡಿದ ಹತ್ತನೆಯ ದಿನ ಅವರ ಮನೆಗೆ ಹೋದೆ. ಕುರ್ಚಿಯಲ್ಲಿ ಕುಳಿತಿದ್ದ ಅವರು ನನ್ನನ್ನು ಗುರುತಿಸಿದರು, ತುಟಿ ಅಲುಗಿಸಿದರು. ಹೊರಬಂದದ್ದು ಬರಿಯ ಉಸಿರು. ನನ್ನ ವಾಕ್ಯದ ನಡುವೆ ಒಂದು ಪದ ಸಡಿಲವಾದರೂ ಕೈಯೆತ್ತಿ ನಿಲ್ಲಿಸುತ್ತಿದ್ದವರು!

ಅವರ ಅಭಿನಂದನ ಗ್ರಂಥ ಅಚ್ಚಿಗೆ ಹೋಗುವುದರಲ್ಲಿತ್ತು. ಜೀವನ ಪರಿಚಯದ ಲೇಖನ ನನ್ನ ಪಾಲಿಗೆ ಬಂದಿತ್ತು. ನಮ್ಮ ಮನೆತನದಲ್ಲಿ ಮೊದಲು ಪದವಿ ಪಡೆದವಳು ನಾನು. ಅಂಥ ಗ್ರಂಥದಲ್ಲಿ ನನ್ನ ಹೆಸರು ಬರುವುದು ಗೌರವವೂ ಹೌದು, ಭಯವೂ ಹೌದು. ಮೇಷ್ಟರ ಬಾಲ್ಯದ ಬಗ್ಗೆ ಎಲ್ಲೆಡೆ ಸಿಕ್ಕದ್ದು ಒಂದೇ ಸಾಲು: ದಕ್ಷಿಣ ಕನ್ನಡದಲ್ಲಿ ಜನನ, ಅಹಮದಾಬಾದಿನಲ್ಲಿ ವ್ಯಾಸಂಗ. ಉಳಿದದ್ದನ್ನು ಅವರಿಂದಲೇ ಕೇಳಿಕೊಳ್ಳುವೆನೆಂದು ದಿನ ದೂಡಿದ್ದೆ.

ಅವರ ವಿಚಾರಗಳಲ್ಲಿ ಹೆಚ್ಚು ಚರ್ಚೆಗೆ ಒಳಗಾದದ್ದು ಪಟ್ಟಿಯ ಕುರಿತಾದದ್ದು. ಪಟ್ಟಿಯೆಂದರೆ ಹೆಸರುಗಳ ಸಾಲಲ್ಲ, ಅದೊಂದು ಕ್ರಿಯೆ ಎಂದು ಅವರು ವಾದಿಸುತ್ತಿದ್ದರು. ಯಾವುದನ್ನು ಮೊದಲು ಹೇಳುತ್ತೇವೆ, ಯಾವುದನ್ನು ಕೊನೆಗೆ ಉಳಿಸುತ್ತೇವೆ ಎಂಬುದರಿಂದಲೇ ಹೇಳುವವನು ಕೇಳುವವನನ್ನು ಒಂದು ಕಡೆಗೆ ನೂಕುತ್ತಾನೆ. ಒಂದೊಂದು ಹೆಸರೂ ನಿಜವಾಗಿದ್ದರೂ ಪಟ್ಟಿ ಮುಗ್ಧವಲ್ಲ. ಈ ವಿಚಾರದ ಮೂಲವನ್ನು ನಾನು ಎರಡು ವರ್ಷ ವಿದೇಶೀ ಗ್ರಂಥಗಳಲ್ಲಿ ಹುಡುಕಿದ್ದೆ.

ಇಲ್ಲಿ ನನ್ನ ತಂದೆಯ ವಿಷಯ ಹೇಳಬೇಕು. ಸೂರತ್ತಿನ ಪಾಂಡೇಸರಾದಲ್ಲಿ, ಬಟ್ಟೆಗೆ ಬಣ್ಣ ಹಾಕುವ ಮಿಲ್ಲುಗಳ ನಡುವಿನ ಒಂದು ಉಡುಪಿ ಹೋಟೆಲಿನಲ್ಲಿ ಅವರು ಸಪ್ಲಾಯರ್. ಮೇಷ್ಟರಿಗೂ ಅವರ ಹೆಂಡತಿಗೂ ನಾನು ‘ತಂದೆ ಆಹಾರೋದ್ಯಮದಲ್ಲಿದ್ದಾರೆ’ ಎಂದಷ್ಟೇ ಹೇಳಿದ್ದೆ.

ಮೇಷ್ಟರ ಸುದ್ದಿ ಕೇಳಿದ ಅಪ್ಪ ಬಾಳೆಹಣ್ಣಿನ ಬನ್ಸ್ ಕಟ್ಟಿಕೊಂಡು ಹೊರಟೇಬಿಟ್ಟರು. ಅವರು ವಡೋದರಾ ನಿಲ್ದಾಣದಲ್ಲಿ ಇಳಿದ ಕೂಡಲೇ ನಾನು ಎಚ್ಚರಿಸಿದೆ: “ಅಪ್ಪಾ, ಅಲ್ಲಿ ಹೋಟೆಲಿನ ಮಾತು ಬೇಡ.”

“ಆಯ್ತು ಮಾರಾಯ್ತಿ. ಸೆಕೆ ಉಂಟು ಅಂತ ಮಾತ್ರ ಹೇಳ್ತೇನೆ. ಅದಕ್ಕೆ ಡಿಗ್ರಿ ಬೇಡ ಅಲ್ವಾ?”

ಮನೆಯಲ್ಲಿ ಅಮ್ಮ, ಅಂದರೆ ಮೇಷ್ಟರ ಹೆಂಡತಿ, ಬಾಗಿಲು ತೆರೆದರು. ಅವರು ಧಾರವಾಡದವರು. ಮೇಷ್ಟರ ಮುಂದಿದ್ದ ಪುಟ್ಟ ಮೇಜಿನ ಮೇಲೆ ಚಹಾ ಚೆಲ್ಲಿತ್ತು. ಅದನ್ನು ಕಂಡದ್ದೇ ತಡ, ಅಪ್ಪನ ಕೈ ತಾನಾಗಿ ಹೆಗಲ ಬೈರಾಸಿಗೆ ಹೋಯಿತು. ಮೇಜನ್ನು ಒಂದೇ ಬೀಸಿಗೆ ಒರೆಸಿ, ಸ್ವಲ್ಪ ಬಾಗಿ ನಿಂತರು. ಗಿರಾಕಿಯ ಎದುರು ನಿಲ್ಲುವ ಹಾಗೆಯೇ. ನನ್ನ ಕಿವಿ ಬಿಸಿಯಾಯಿತು.

ಅಮ್ಮ ಕಟ್ಟನ್ನು ನೋಡಿ ಕೇಳಿದರು: “ಏನೇನ್ ತಂದೀರಿ, ತಿನ್ನಾಕ?”

ಅಪ್ಪ ಬಾಯಿ ತೆರೆದರು. ನಾನು ಕಣ್ಣು ಮುಚ್ಚಿಕೊಂಡೆ. ಆದರೆ ಕೇಳಿದ್ದು ಅಪ್ಪನ ದನಿಯಲ್ಲ.

“ಉಪ್ಪಿಟ್ಟು, ಅವಲಕ್ಕಿ, ಗೋಳಿಬಜೆ, ವಡೆ, ಇಡ್ಲಿ, ಸಾದಾ, ಮಸಾಲೆ, ಕಾಪಿ, ಚಾ, ಅಡ್ಧಿ ಚಾ!”

ಮೇಷ್ಟರು. ಒಂದೇ ಉಸಿರಿನಲ್ಲಿ, ಒಂದಕ್ಷರವೂ ತೊದಲದೆ. ಬಲಗೈ ಮಡಿಲಲ್ಲಿ ಸತ್ತಂತೆ ಬಿದ್ದಿತ್ತು; ಎಡಗೈ ಮಾತ್ರ ಮೊಣಕೈಯವರೆಗೆ ಮುಂದೆ ಚಾಚಿ, ಅಂಗೈ ಮೇಲಾಗಿ ನಿಂತಿತ್ತು. ತೋಳಿನ ಮೇಲೆ ಸಾಲಾಗಿ ತಟ್ಟೆಗಳನ್ನು ಇಟ್ಟುಕೊಳ್ಳಲು ಅಪ್ಪ ಕೈ ಚಾಚುವುದು ಹಾಗೆಯೇ.

ಅಮ್ಮನ ಕೈಯ ಲೋಟ ನೆಲಕ್ಕೆ ಬಿತ್ತು. ಯಾರೂ ಬಾಗಿ ಎತ್ತಲಿಲ್ಲ.

“ಓ ದೇವರೇ,” ಎಂದರು ಅಪ್ಪ. “ಇವರು ತಿಂದವರಲ್ಲ. ಬಡಿಸಿದವರು!”

“ಅಪ್ಪಾ, ಸುಮ್ಮನಿರಿ.”

“ಎಂತ ಸುಮ್ಮನಿರುದು? ತಿನ್ನುವವ ಮಸಾಲೆ ದೋಸೆ ಮೊದಲು ಹೇಳ್ತಾನೆ. ದೋಸೆ ಕೇಳಿದ ಮೇಲೆ ಹುಯ್ಯುದು, ಅದಕ್ಕೆಂತ ಅರ್ಜೆಂಟು? ಉಪ್ಪಿಟ್ಟು ಪಾತ್ರೆಯಲ್ಲಿ ಕೂತು ತಣಿತಾ ಇರ್ತದೆ. ಮೊದಲು ಖರ್ಚಾಗ್ಬೇಕಾದ್ದು ಅದು. ನಾವು ಅದನ್ನೇ ಮೊದಲು ಹೇಳುದು. ಮತ್ತೆ ಆ ಅಡ್ಧಿ ಚಾ ಉಂಟಲ್ಲ, ಅರ್ಧ ಕಪ್ಪು, ಅದು ಈ ಗುಜರಾತಿನದ್ದೇ. ಇವರು ಇಲ್ಲೇ ಕೆಲಸ ಮಾಡಿದ್ದು.”

ಎರಡು ವರ್ಷ ಹುಡುಕಿದ ಮೂಲ ಯಾವ ಗ್ರಂಥದಲ್ಲಿಯೂ ಇರಲಿಲ್ಲ. ಅದು ಉಪ್ಪಿಟ್ಟಿನ ಪಾತ್ರೆಯಲ್ಲಿತ್ತು, ನನ್ನ ಅಪ್ಪನ ಬಾಯಲ್ಲಿತ್ತು. ನಾನು ಬಚ್ಚಿಟ್ಟದ್ದನ್ನೇ ಮೇಷ್ಟರೂ ಬಚ್ಚಿಟ್ಟಿದ್ದರು.

ಅಮ್ಮನ ಮುಖ ಬಿಳಿಚಿಕೊಂಡಿತ್ತು. “ಹಾಸ್ಟೆಲ್‌ನ್ಯಾಗ ಇದ್ದು ಓದಿದೆ ಅಂತ ಹೇಳಿದ್ರು ನನಗ. ನಲವತ್ತು ವರ್ಷ ಅದನ್ನ ನಂಬೀನಿ,” ಎಂದರು. ನಾವು ಹೊರಡುವಾಗ ನನ್ನ ಕೈ ಹಿಡಿದರು. “ಇದನ್ನ ಬರೀಬ್ಯಾಡವಾ. ಅವರು ಮುಚ್ಚಿಟ್ಟದ್ದು.”

ಆ ವಾರವಿಡೀ ಅದನ್ನೇ ತೂಗಿ ನೋಡಿದೆ. ಬರೆಯದಿದ್ದರೆ ಮೇಷ್ಟರ ವಿಚಾರ ಬೇರಿಲ್ಲದ್ದಾಗುತ್ತದೆ. ಬರೆದರೆ, ಇಲ್ಲ ಎನ್ನಲೂ ಶಕ್ತಿಯಿಲ್ಲದವರ ಗುಟ್ಟನ್ನು ಬಯಲಿಗೆಳೆದಂತಾಗುತ್ತದೆ. ಬಾಯಿಪಾಠವಾದದ್ದು ಕೆಲವೊಮ್ಮೆ ಹೀಗೆ ಉಳಿಯುತ್ತದೆ, ಆದರೆ ಕೇಳಿದ್ದಕ್ಕೆ ಅವರಿಂದ ಬಾಯಿಮಾತಿನ ಉತ್ತರ ಹೇಳಿಸಲಾಗದು ಎಂದು ವೈದ್ಯರು ತಿಳಿಸಿದ್ದರು. ಕೊನೆಗೆ ಕರಡನ್ನು ಬರೆದೆ. ಅಮ್ಮ ಬೇಡವೆಂದರೆ ಅಲ್ಲಿಯೇ ಹರಿದುಹಾಕುವುದೆಂದು ನಿಶ್ಚಯಿಸಿಕೊಂಡೆ.

ಮುಂದಿನ ಭಾನುವಾರ ಒಬ್ಬಳೇ ಹೋದೆ. ಅಪ್ಪ ಮತ್ತೆ ಬನ್ಸ್ ಕಳಿಸಿದ್ದರು. ಮೊದಲು ನನ್ನದನ್ನು ಹೇಳಿದೆ: “ಅಮ್ಮಾ, ನನ್ನ ತಂದೆ ಹೋಟೆಲಿನಲ್ಲಿ ಸಪ್ಲಾಯರ್. ನಿಮಗೆ ಸುಳ್ಳು ಹೇಳಿದ್ದೆ.”

“ಅವರು ಟೇಬಲ್ ಒರಸಿದ್ದು ನೋಡಿದಾಗ್ಲೇ ತಿಳೀತು. ಆಹಾರೋದ್ಯಮ ಅಂತ, ಆಹಾರೋದ್ಯಮ!” ಎಂದು ಅಮ್ಮ ನಕ್ಕರು. ಆಮೇಲೆ ಅಳು ಬಂತು ಅವರಿಗೆ.

ಮೇಷ್ಟರ ಎದುರು ಕುಳಿತು ಓದಿದೆ. ಹುಟ್ಟು, ಪದವಿ, ಪುಸ್ತಕಗಳು ಎಲ್ಲವನ್ನೂ ಹಿಂದೆ ಸರಿಸಿ ಹೋಟೆಲನ್ನು ಮೊದಲ ಸಾಲಿನಲ್ಲಿಟ್ಟಿದ್ದೆ. ಆ ಸಾಲಿಗೆ ಅವರ ಕಣ್ಣು ನನ್ನ ಮೇಲೆ ನಿಂತಿತು. ಲೇಖನ ಮುಗಿಯುವವರೆಗೂ ಕದಲಲಿಲ್ಲ.

“ಏನ್ರೀ, ಬರೀಲೇನು ಆಕಿ?” ಅಮ್ಮ ಕೇಳಿದರು.

ನಿಧಾನವಾಗಿ ಮೇಷ್ಟರ ಎಡಗೈ ಮುಂದೆ ಬಂತು, ಅಂಗೈ ಮೇಲಾಗಿ.

ಅಮ್ಮ ಆ ಕೈಯನ್ನು ನೋಡಿದರು. ಒಳಗೆ ಹೋಗಿ ಬನ್ಸ್ ಹಾಕಿದ ತಟ್ಟೆ ತಂದು, ಅವರ ಚಾಚಿದ ತೋಳಿನ ಮೇಲೆ, ಮೊಣಕೈಯ ಮಡಿಕೆಯ ಬಳಿ ಇಟ್ಟು ಕೈ ಬಿಟ್ಟರು. ನಾನು ಹೌಹಾರಿ ಮುಂದೆ ಬಾಗಿದೆ. ತಟ್ಟೆ ಅಲುಗಲಿಲ್ಲ.

“ಬರಿ,” ಎಂದರು ಅಮ್ಮ.