ಗಂಜಿ ಹಾಕಿದ ಕತ್ತುಪಟ್ಟಿ

ನಿನ್ನೆ ಸಂಜೆ ಕುಕ್ಕರಿನ ಗ್ಯಾಸ್ಕೆಟ್ ಕೈಕೊಟ್ಟಿತು. ಬೈದುಕೊಳ್ಳುತ್ತಲೇ ಅಟ್ಟದಿಂದ ಹಳೇ ಪಾತ್ರೆ ಇಳಿಸಿ ಅನ್ನಕ್ಕಿಟ್ಟೆ. ಬೆಂದ ಮೇಲೆ ಬಸಿಯತೊಡಗಿದೆ ನೋಡಿ, ಆ ಬಿಸಿ ಗಂಜಿಯ ವಾಸನೆ ಮೂಗಿಗೆ ಬಡಿದದ್ದೇ ತಡ, ಮನಸ್ಸು ನಮ್ಮ ಹಳೇ ಮನೆಯ ಅಡುಗೆಮನೆಗೆ ಓಡಿಬಿಟ್ಟಿತು. ಕೈ ಸುಟ್ಟುಕೊಂಡದ್ದು ಆಮೇಲೆ ಗೊತ್ತಾಯಿತು.

ನಮ್ಮ ಯಜಮಾನರು ತರೀಕೆರೆ ಕೋರ್ಟಿನಲ್ಲಿ ವಕೀಲರಾಗಿದ್ದರು. ಅಜ್ಜಂಪುರದ ಈರುಳ್ಳಿ ಮಂಡಿಯವರ ಮಗ. ಗಲ್ಲಾಪೆಟ್ಟಿಗೆ ಮುಂದೆ ಕೂರೋ ಅಂದರೆ ಲಾ ಓದಿ ಬಂದವರು. ವಕೀಲರು ಕರೀ ಕೋಟಿನ ಮೇಲೆ ಕತ್ತಿಗೆ ಬಿಳಿ ಪಟ್ಟಿ ಕಟ್ಟುತ್ತಾರಲ್ಲ, ಅದಕ್ಕೆ ವಾರಕ್ಕೊಮ್ಮೆ ಗಂಜಿ ಹಾಕುವ ಇಲಾಖೆ ನನ್ನದು. ಗಂಜಿ ಚೂರು ತೆಳುವಾದರೆ ಮುಖ ಗಂಟು.

"ಗಟ್ಟಿಯಾಗಿ ಹಾಕೇ. ಪಟ್ಟಿ ಸೆಟೆದು ನಿಂತ್ರೆ ಕತ್ತು ಬಗ್ಗಲ್ಲ."

"ಬಗ್ಗದ ಕತ್ತಿಗೆ ಕಕ್ಷಿದಾರರೂ ಬರಲ್ಲ ಕಣ್ರೀ" ಎಂದು ನಾನು ಗೊಣಗುತ್ತಿದ್ದೆ. ನನ್ನ ನಾಲಿಗೆ ಯಾವತ್ತೂ ನನ್ನ ಮಾತು ಕೇಳಿದ್ದೇ ಇಲ್ಲ. ಆ ನಾಲಿಗೆಯಿಂದಲೇ ಇಷ್ಟೆಲ್ಲ ಆದದ್ದು, ಕೇಳಿ.

ಎಪ್ಪತ್ತರ ದಶಕದ ಕೊನೆ ಇರಬೇಕು. ಒಂದು ಮಧ್ಯಾಹ್ನ ಲಿಂಗದಹಳ್ಳಿ ಕಡೆಯ ಗಂಗಮ್ಮ ಎಂಬಾಕೆ ನಮ್ಮ ಜಗಲಿಯ ಮೇಲೆ ಬಂದು ಕೂತಳು. ಗಂಡ ಇಲ್ಲ, ಇದ್ದದ್ದೊಂದು ಭತ್ತದ ಗದ್ದೆ. ಬೆಟ್ಟದ ಹಳ್ಳದಿಂದ ಒಂದು ಕಾಲುವೆ ಬಂದು ಆ ಗದ್ದೆಗೆ ನೀರುಣಿಸುತ್ತಿತ್ತು. ಕುಡಿಯಲು ನೀರು ಕೊಟ್ಟು ಏನಮ್ಮ ಸಮಾಚಾರ ಅಂದೆ.

"ಮ್ಯಾಲಿನ ತೆಂಗಿನ ತ್ವಾಟ ದೊಡ್ಡ ಲಾಯರಪ್ಪೋರು ತಗಂಡ್ರು ಕಣವ್ವ. ತಗಂಡೋರು ಕಾಲ್ವೇನೇ ಮುಚ್ಚಿಸಿಬಿಟ್ರು. ಸಸಿ ಮಡಿ ಒಣಗ್ತಾ ಐತೆ. ಈ ಊರ್ನಾಗಿರೋ ಲಾಯರ್ ಮನೆ ಬಾಗ್ಲೆಲ್ಲ ತಟ್ಟಿದೆ. ಎಲ್ರೂ ಒಲ್ಲೆ ಅಂತಾರೆ."

ಒಲ್ಲೆ ಎನ್ನದೆ ಏನು ಮಾಡಿಯಾರು? ವಕೀಲರ ಮೇಲೆ ವಕೀಲರು ವಕಾಲತ್ತು ಹಾಕಬಾರದು ಎಂಬುದು ಅವರ ಸಂಘದ ಕಟ್ಟು. ಎಲ್ಲೂ ಬರೆದಿಟ್ಟಿರಲಿಲ್ಲ, ಆದರೆ ಬರೆದ ಕಾನೂನಿಗಿಂತ ಬಿಗಿ. ಅದರ ಮೇಲೆ ಆ ದೊಡ್ಡ ವಕೀಲರೆಂದರೆ ಊರಿಗೇ ಹಿರಿಯರು. ಅರ್ಧಕ್ಕರ್ಧ ವಕೀಲರು ಅವರ ಕೈಕೆಳಗೆ ಪಳಗಿದವರು, ಇವರೂ ಸೇರಿ.

ಇದೆಲ್ಲ ನನಗೆ ಗೊತ್ತಿತ್ತು. ಗೊತ್ತಿದ್ದೂ, "ಅಳಬೇಡ ಹೋಗಮ್ಮ, ನಮ್ಮನೆಯವರು ತಗೋತಾರೆ" ಅಂದುಬಿಟ್ಟೆ. ಇವರು ಆಗಿನ್ನೂ ಕೋರ್ಟಿನಿಂದ ಬಂದಿರಲೇ ಇಲ್ಲ!

ಬಂದವರಿಗೆ ಕಾಫಿ ಕೊಟ್ಟು, ಮೆಲ್ಲಗೆ ವಿಷಯ ಹೇಳಿದೆ. ಲೋಟ ಕೆಳಗಿಟ್ಟು ನನ್ನ ಮುಖವನ್ನೇ ನೋಡಿದರು.

"ನೀನೇ ಕೋಟು ಹಾಕ್ಕೊಂಡು ಹೋಗು ಮತ್ತೆ."

"ಹೋಗ್ತಿದ್ದೆ, ಓದಿಸಿದ್ರೆ."

ನಕ್ಕುಬಿಟ್ಟರು. ಆಮೇಲೆ "ನಾನೂ ಆಗಲ್ಲ ಅಂದ್ರೆ ಅವಳಿಗೆ ಇನ್ಯಾವ ಬಾಗಿಲಿದೆ ಹೇಳು" ಎಂದರು. ಮಾರನೆಯ ದಿನವೇ ದಾವೆ ಹೂಡಿದರು.

ಸಂಘದ ಕೋಣೆಯಲ್ಲಿದ್ದ ಇವರ ಕುರ್ಚಿಯನ್ನು ಕೋರ್ಟಿನ ಜಗಲಿಗೆ ತಂದು ಹಾಕಿದರು. ಯಾರು ಹಾಕಿದ್ದು ಅಂತ ಇವರು ಕೇಳಲೂ ಇಲ್ಲ, ಅಲ್ಲೇ ಕೂತು ಫೈಲು ಬಿಚ್ಚಿದರು. ಜನ ಜಗಲಿ ಲಾಯರು ಎಂದು ಕರೆಯತೊಡಗಿದರು. ಗೌರಿ ಹಬ್ಬಕ್ಕೆ ಅರಿಶಿನ ಕುಂಕುಮಕ್ಕೆ ಕರೆಯುತ್ತಿದ್ದ ವಕೀಲರ ಹೆಂಡಿರು ನನ್ನನ್ನು ಕಂಡರೆ ಸಂತೆಯಲ್ಲಿ ಬದನೆಕಾಯಿ ಆರಿಸುವುದರಲ್ಲಿ ಮುಳುಗಿಹೋಗುತ್ತಿದ್ದರು. ಊರಿನ ಕೇಸುಗಳು ಕಡಿಮೆಯಾಗಿ, ಇವರು ಬಸ್ಸು ಹತ್ತಿ ಕಡೂರಿನ ಕೋರ್ಟಿಗೂ ಹೋಗಬೇಕಾಯಿತು. ನನಗೆ ಸಿಟ್ಟು ಬರುತ್ತಿತ್ತು, ನಿಜ. ಆದರೆ ಆ ಕುರ್ಚಿಯಲ್ಲಿ ಇವರು ಕೂತ ಠೀವಿ ನೆನೆದರೆ ಎದೆ ಉಬ್ಬುತ್ತಿತ್ತು.

ಕೋರ್ಟಿನಲ್ಲಿ ದೊಡ್ಡ ವಕೀಲರ ವಾದ ಒಂದೇ: ಅಲ್ಲಿ ಕಾಲುವೆ ಎಂಬುದು ಯಾವತ್ತೂ ಇರಲೇ ಇಲ್ಲ. ಇಂಥದ್ದಕ್ಕೆ ಜಾಗ ನೋಡಿ ವರದಿ ಕೊಡಲು ಕೋರ್ಟು ಯಾರಾದರೊಬ್ಬ ವಕೀಲರನ್ನು ಕಮಿಷನರ್ ಎಂದು ಕಳಿಸುವುದು ವಾಡಿಕೆ. ಮುನ್ಸೀಫರು ಒಬ್ಬೊಬ್ಬರನ್ನೇ ಕೇಳಿದರು. ಇವರ ಕೇಸಿಗೆ ಕೈ ಹಚ್ಚಕೂಡದೆಂದು ಸಂಘದವರು ಮೊದಲೇ ಮಾತಾಡಿಕೊಂಡಿದ್ದರಲ್ಲ, ಒಬ್ಬರಿಗೆ ಜ್ವರ, ಒಬ್ಬರಿಗೆ ಧರ್ಮಸ್ಥಳದ ಹರಕೆ, ಇನ್ನೊಬ್ಬರಿಗೆ ಮಗಳ ಮದುವೆ. ಆ ಮಗಳು ಆಗಿನ್ನೂ ಸ್ಲೇಟು ಹಿಡಿದು ಶಾಲೆಗೆ ಹೋಗುತ್ತಿದ್ದಳು!

ಎಂಥ ಬುದ್ಧಿವಂತರು ನೋಡಿ. ಒಬ್ಬರು ಹೋಗಿದ್ದರೆ ಸಾಕಿತ್ತು. ದೊಡ್ಡ ವಕೀಲರ ತೋಟದಲ್ಲಿ ಎಳನೀರು ಕುಡಿದು, ಕಾಲುವೆ ಗೀಲುವೆ ಏನೂ ಕಾಣಲಿಲ್ಲ ಎಂದು ಬರೆದುಕೊಟ್ಟಿರುತ್ತಿದ್ದರು. ಯಾರೂ ಒಪ್ಪದ್ದಕ್ಕೆ ಮುನ್ಸೀಫರು ಕನ್ನಡಕ ತೆಗೆದು, "ಹಾಗಾದರೆ ನಾನೇ ಹೋಗಿ ನೋಡುತ್ತೇನೆ" ಎಂದುಬಿಟ್ಟರಂತೆ.

ಗಂಗಮ್ಮನಿಗೆ ಜೊತೆಯಾಗಲೆಂದು ನಾನೂ ಹೋದೆ. ಇವರು ಬೇಡವೆಂದರು, ನಾನು ಕೇಳಲಿಲ್ಲ. ತೋಟದಲ್ಲಿ ಕಾಲುವೆಯ ಗುರುತೂ ಸಿಗದಂತೆ ಮಣ್ಣು ಹರಡಿ ಹುಲ್ಲು ಬೆಳೆಸಿದ್ದರು. ದೊಡ್ಡ ವಕೀಲರು ಕೊಡೆ ಹಿಡಿದು ನಿಂತಿದ್ದರು. ಗಂಗಮ್ಮ ನನ್ನ ಕೈ ಹಿಡಿದುಕೊಂಡಳು. ಮುನ್ಸೀಫರು ಸುತ್ತಿ ಸುತ್ತಿ, ಕೊನೆಗೆ ತೋಟದ ನಟ್ಟನಡುವೆ ಒಂದು ಚಪ್ಪಡಿ ಕಲ್ಲಿನ ಮುಂದೆ ನಿಂತರು. ಬಟ್ಟೆ ಒಗೆಯುವ ಕಲ್ಲು. ತಲೆಮಾರುಗಳ ಹೆಂಗಸರು ಒಗೆದೂ ಒಗೆದೂ ನಡುವೆ ತಗ್ಗು ಬಿದ್ದು ನುಣುಪಾಗಿತ್ತು. ಕಾಲುವೆ ಮುಚ್ಚಿಸಿದವರಿಗೆ ಅದು ಬರೀ ಕಲ್ಲು. ಅವರೇನು ಬಟ್ಟೆ ಒಗೆದವರೇ?

"ಇಲ್ಲಿ ನೀರೇ ಇರಲಿಲ್ಲ ಅಂದಿರಿ" ಎಂದು ಮುನ್ಸೀಫರು ದೊಡ್ಡ ವಕೀಲರನ್ನು ಕೇಳಿದರು. "ಮತ್ತೆ ಬಟ್ಟೆ ಒಗೀತಿದ್ದದ್ದು ಯಾತರಲ್ಲಿ?"

ದೊಡ್ಡ ವಕೀಲರು ಕೊಡೆಯನ್ನು ಈ ಕೈಯಿಂದ ಆ ಕೈಗೆ ಬದಲಾಯಿಸಿದರು, ಅಷ್ಟೇ. ಕಲ್ಲಿನ ಪಕ್ಕ ಅಗೆಸಿದಾಗ ಕಾಲುವೆಯ ಕಲ್ಲುಕಟ್ಟು ಸಿಕ್ಕಿತು. ತೀರ್ಪು ಗಂಗಮ್ಮನ ಕಡೆಗಾಯಿತು, ಕಾಲುವೆ ತೆರೆಯಿತು. ಸುಗ್ಗಿ ಮುಗಿದ ಮೇಲೆ ಅವಳು ಹೊಸ ಅಕ್ಕಿ ಹೊತ್ತು ತಂದಳು. ಅದರ ಅನ್ನ ಬಸಿದ ಗಂಜಿಯನ್ನೇ ನಾನು ಇವರ ಪಟ್ಟಿಗೆ ಹಾಕಿದೆ. ಅಂಥ ಹೊಳಪು ಮತ್ತೆ ಬರಲಿಲ್ಲ ಅಂತ ಈಗಲೂ ಅನಿಸುತ್ತದೆ. ಕೆಲವು ವರ್ಷದ ಮೇಲೆ ಸಂಘದವರೇ ಬಂದು ಒಳಗೆ ಬನ್ನಿ ಎಂದು ಕರೆದರು. "ಇಲ್ಲೇ ಗಾಳಿ ಚೆನ್ನಾಗಿದೆ ಬಿಡ್ರಪ್ಪ" ಎಂದು ಇವರು ಕೊನೆಯವರೆಗೂ ಜಗಲಿಯಲ್ಲೇ ಕೂತರು.

ನಿನ್ನೆ ಗಂಜಿ ಪಾತ್ರೆ ಮುಂದೆ ನಾನು ಹೀಗೆ ನಿಂತಿದ್ದಾಗಲೇ, ನಮ್ಮ ಮಹಡಿ ಮೇಲೆ ಬಾಡಿಗೆಗಿರುವ ಸೌಮ್ಯ ಬಂದು ಹೊಸ್ತಿಲ ಮೇಲೆ ಕೂತಳು. ಎಳೇ ವಕೀಲೆ, ಇದೇ ಊರಿನ ಕೋರ್ಟು. ಮುಖ ಬಾಡಿತ್ತು.

"ಅಜ್ಜಿ, ಒಬ್ಬರು ಹೆಂಗಸು ಬಂದಿದ್ರು. ಅವರ ದಾರಿಗೆ ಬೇಲಿ ಹಾಕಿರೋದು ನಮ್ಮ ವಕೀಲರೊಬ್ಬರೇ. ಯಾರೂ ಕೇಸ್ ತಗೋತಿಲ್ಲ. ನಾನು ತಗೊಂಡ್ರೆ ನಾಳೆಯಿಂದ ನನ್ನ ಹತ್ರ ಯಾರೂ ಮಾತಾಡಲ್ಲ."

ತಗೊಳ್ಳೇ ಎಂಬ ಮಾತು ನಾಲಿಗೆ ತುದಿಗೆ ಬಂತು. ಕಚ್ಚಿ ಹಿಡಿದೆ. ಅವತ್ತು ಇವರ ಪರವಾಗಿ ಒಪ್ಪಿಕೊಂಡೆ, ಸರಿ. ಈ ಕತ್ತು ಅವಳದು. ಬದಲಿಗೆ ನಿಮಗೆ ಹೇಳಿದ್ದನ್ನೇ ಅವಳಿಗೂ ಹೇಳಿದೆ. ಕೇಳಿ ಮುಗಿಸಿದ ಹುಡುಗಿ ಚೀಲದಿಂದ ಮೆತ್ತಗೆ ಜೋತುಬಿದ್ದ ಬಿಳಿ ಪಟ್ಟಿ ತೆಗೆದು ನನ್ನ ಕೈಗಿಟ್ಟಳು.

"ಆ ಗಂಜಿ ಚೆಲ್ಲಬೇಡಿ ಅಜ್ಜಿ. ಗಟ್ಟಿಯಾಗಿ ಹಾಕಿಕೊಡಿ."

ಇವತ್ತು ಬೆಳಿಗ್ಗೆ ಅವಳು ಮೆಟ್ಟಿಲಿಳಿದು ಹೋಗುವಾಗ ಗೇಟಿನವರೆಗೂ ಹೋಗಿ ನಿಂತು ನೋಡಿದೆ. ಗ್ಯಾಸ್ಕೆಟ್ ಇನ್ನೂ ತಂದಿಲ್ಲ. ಅಂಥ ಅವಸರವೇನೂ ಇಲ್ಲ ಬಿಡಿ.