ಪಕ್ಕದ ತೋಟದ ದಂಟಿನ ಸೊಪ್ಪು

ಈಗ ಪಕ್ಕದ ತೋಟದಲ್ಲಿ ಮಕ್ಕಳ ಜಾರುಬಂಡೆ ಇದೆ. ಮೊದಲು ಅಲ್ಲಿ ಕೆಂಪು ದಂಟಿನ ಸೊಪ್ಪು ಇತ್ತು.

ಜರ್ಮನಿಯ ಡ್ರೆಸ್ಡೆನ್ನಿನ ಯೂನಿವರ್ಸಿಟಿಯಿಂದ ನಿವೃತ್ತನಾದ ಮೇಲೆ ತೋಟಗಾರರ ಸಂಘದಿಂದ ಒಂದು ತುಂಡು ನೆಲವನ್ನು ಗುತ್ತಿಗೆಗೆ ಪಡೆದೆ. ಮೂರರಲ್ಲೊಂದು ಪಾಲು ತರಕಾರಿಯೋ ಹಣ್ಣೋ ಬೆಳೆಯಲೇಬೇಕೆಂಬ ನಿಯಮ. ಹಾಸ್ಟೆಲಿನ ಗಂಟೆಗೆ ಎದ್ದು ಬೆಳೆದ ನನಗೆ ನಿಯಮಗಳೆಂದರೆ ಹಿತ. ನನ್ನ ಟೊಮ್ಯಾಟೊ ಗಿಡಗಳು ಪ್ರಾರ್ಥನೆಗೆ ನಿಂತ ಹುಡುಗರ ಹಾಗೆ ಸಾಲಾಗಿದ್ದವು.

ಪಕ್ಕದವರು ಮೊಜಾಂಬಿಕ್‌ನ ಹೆಂಗಸು. ಬರ್ಲಿನ್ ಗೋಡೆ ಬೀಳುವ ಮೊದಲೇ ಇಲ್ಲಿನ ಬಟ್ಟೆ ಗಿರಣಿಗೆ ಬಂದವರು. ಅವರಲ್ಲಿ ಕುಂಬಳದ ಬಳ್ಳಿ, ಜೋಳ, ದಂಟು ಎಲ್ಲ ಒಂದರೊಳಗೊಂದು. ದಂಟು ಕಂಡ ದಿನ ನನಗೆ ಹಾಸ್ಟೆಲಿನ ಹುಳಿಯ ವಾಸನೆಯೇ ಬಂದ ಹಾಗಾಗಿತ್ತು.

"ಪ್ರೊಫೆಸರ್, ನಿಮ್ಮ ಗಿಡಗಳಿಗೆ ಉಸಿರಾಡೋಕೆ ಅಪ್ಪಣೆ ಇದೆಯಾ?" ಎನ್ನುತ್ತಿದ್ದರು ಜರ್ಮನ್‌ನಲ್ಲಿ.

"ನಿಮ್ಮ ತೋಟದಲ್ಲಿ ಕಾಲಿಡೋಕೆ ಜಾಗ ಇದೆಯಾ?" ಎನ್ನುತ್ತಿದ್ದೆ.

ಒಂದು ಬೇಸಿಗೆಯ ಮೊದಲಲ್ಲಿ ತಪಾಸಣೆಗೆ ಬಂದ ಸಂಘದ ಅಧ್ಯಕ್ಷರು ದಂಟನ್ನು ತೋರಿಸಿ, "ಇದೆಲ್ಲ ಕಳೆ. ಮುಂದಿನ ತಪಾಸಣೆಯೊಳಗೆ ಕೀಳದಿದ್ದರೆ ಗುತ್ತಿಗೆ ರದ್ದು" ಎಂದರು.

"ಕಳೆಯಲ್ಲ, ನನ್ನ ಊಟ," ಎಂದರು ಆಕೆ.

ನಾನು ಬೇಲಿಯಾಚೆಯಿಂದ, "ನಮ್ಮಲ್ಲೂ ತಿಂತೀವಿ" ಎಂದೆ.

"ನಿಮ್ಮ ತೋಟದಲ್ಲಿ ಕಾಣಲಿಲ್ಲವಲ್ಲ!" ಎಂದರು ಅಧ್ಯಕ್ಷರು.

ಅವರು ಹೋದ ಮೇಲೆ ಆಕೆಯಿಂದ ಒಂದಿಷ್ಟು ಸಸಿ ಕೇಳಿ ತಂದೆ. ದಾರ ಕಟ್ಟಿ, ಸಾಲು ಹಿಡಿದು ನೆಟ್ಟೆ. ಬೇಸಿಗೆ ಮುಗಿಯುವಾಗ ಅಧ್ಯಕ್ಷರು ಮತ್ತೆ ಬಂದರು. ನನ್ನ ಸಾಲುಗಳ ಮುಂದೆ ನಿಂತು, "ಅಚ್ಚುಕಟ್ಟು! ಯಾವ ತರಕಾರಿ?" ಎಂದರು. ನಾನು ಪಕ್ಕದ ತೋಟದ ದಂಟಿನತ್ತ ಕೈ ತೋರಿಸಿದೆ. ಅವರು ಎರಡೂ ಕಡೆ ನೋಡಿದರು, ಕೆಮ್ಮಿದರು, ಮುಂದೆ ನಡೆದರು. ಆಕೆಯ ತೋಟ ಉಳಿಯಿತು.

ಆಕೆಗೆ ಸಂತೋಷವಾಗುತ್ತದೆಂದುಕೊಂಡಿದ್ದೆ. ಆಕೆ ಕತ್ತಿ ಒರೆಸುತ್ತಾ, "ನಮ್ಮಮ್ಮ ನಮ್ಮನ್ನಾಳುತ್ತಿದ್ದ ಪೋರ್ಚುಗೀಸರಿಗೆ ಹತ್ತಿ ಬೆಳೆದಳು. ಸೊಪ್ಪು ಹಾಕಿದರೆ ಕಿತ್ತು ಹಾಕೋರು. ನೆಲ ಅವರದು, ಮಾತೂ ಅವರದು. ಇಲ್ಲಿ ನೀವು ಬೆಳೆದು ತೋರಿಸಿದ ಮೇಲೆ ನನ್ನದು ತರಕಾರಿಯಾಯಿತು" ಎಂದರು.

ಮರುವರ್ಷ ಆಕೆ ತಮ್ಮ ದೇಶದ ಕೆಲವು ಕುಟುಂಬಗಳೊಡನೆ ಸೇರಿ ಊರಾಚೆ ಒಂದು ಹೊಲ ಕೊಂಡರು. ಸಂಘದ ಗುತ್ತಿಗೆಯನ್ನು ಬಿಟ್ಟುಕೊಟ್ಟರು. ವಸಂತದಲ್ಲಿ ನನ್ನನ್ನೂ ಕರೆದರು. ಬರೀ ಮಣ್ಣು, ನಡುವೆ ಮಡಿಸುವ ಮೇಜು. ಫ್ರೀಜರಿನಲ್ಲಿಟ್ಟಿದ್ದ ದಂಟನ್ನು ಕಡಲೆಕಾಯಿ, ತೆಂಗಿನ ಹಾಲು ಹಾಕಿ ಬೇಯಿಸಿ ತಂದಿದ್ದರು. ಅಷ್ಟು ರುಚಿಯ ದಂಟನ್ನು ನಾನು ಆಮೇಲೆ ತಿಂದಿಲ್ಲ.

"ಯಾವಾಗ ಬಿತ್ತನೆ?" ಎಂದೆ.

"ಈ ವರ್ಷ ಏನೂ ಬಿತ್ತಲ್ಲ, ಪ್ರೊಫೆಸರ್. ಹೀಗೇ ಬಿಡ್ತೀನಿ. ಯಾರು ಬಂದು ಕೇಳ್ತಾರೆ ನೋಡೋಣ," ಎಂದು ಇನ್ನೊಂದು ಸೌಟು ಬಡಿಸಿದರು.