ಗುಡಾಣಕ್ಕೆ ಹಲ್ಲುಗೊಟ್ಟ ನೊರೆಯಜ್ಜಿ

ನೊರೆಯಜ್ಜಿಯ ಮುತ್ತಜ್ಜಿ ಸಾಮಾನ್ಯದವಳಲ್ಲ. ಹನ್ನೆರಡು ವರ್ಷದಿಂದ ಮುಖ ಕೊಟ್ಟು ಮಾತಾಡದ ಅಣ್ಣತಮ್ಮಂದಿರಿಬ್ಬರನ್ನು ಒಂದೇ ಬೆಂಚಿನ ಮೇಲೆ ಕೂರಿಸಿ, ಇಬ್ಬರ ನಡುವೆ ಒಂದೇ ಸೋರೆಬುರುಡೆ ಜೋಳದ ಹೆಂಡ ಇಟ್ಟು, "ಖಾಲಿ ಮಾಡದೆ ಎದ್ರೆ ಕಾಲು ಮುರೀತೀನಿ" ಅಂದವಳು. ಅವರು ಹೆಗಲ ಮೇಲೆ ಕೈ ಹಾಕಿಕೊಂಡು ಹಾಡುತ್ತ ಮನೆಗೆ ಹೋದರು. ಮಾರನೆಯ ದಿನ ಮತ್ತೆ ಜಗಳವಾಡಿದರು ಅನ್ನುವುದು ಬೇರೆ ಮಾತು. ಅದನ್ನು ಈ ಮನೆಯಲ್ಲಿ ಯಾರೂ ಹೇಳುವುದಿಲ್ಲ.

ಆಕೆಯ ಮಗಳು, ಅಂದರೆ ನೊರೆಯಜ್ಜಿಯ ಅಜ್ಜಿ, ಮನೆಗೆ ಬೆಂಕಿ ಬಿದ್ದಾಗ ಒಡವೆ ಪೆಟ್ಟಿಗೆಯನ್ನು ಒಳಗೇ ಬಿಟ್ಟು, ಹೆಂಡ ಹುದುಗುತ್ತಿದ್ದ ಮಣ್ಣಿನ ಗುಡಾಣವನ್ನು ಸೊಂಟಕ್ಕೇರಿಸಿಕೊಂಡು ಹೊರಗೆ ಬಂದವಳು. ಗಂಡ ಗಾಬರಿಯಿಂದ "ಮಗು ಎಲ್ಲೇ?" ಅಂದರೆ, "ನಿಮ್ಮ ಹೆಗಲ ಮೇಲಿದೆ, ನೋಡ್ಕೊಳ್ಳಿ" ಅಂದಳಂತೆ. ಇನ್ನು ತಾಯಿಯೋ, ಹಿತ್ತಿಲಲ್ಲಿ ಬಟ್ಟೆ ಒಗೆಯುತ್ತಿದ್ದವಳು ಒಳಗಿನ ಮೂರು ಗುಡಾಣಗಳ ಸದ್ದು ಕೇಳಿಯೇ "ನಡುವಿನದಕ್ಕೆ ಹಲ್ಲಿ ಬಿದ್ದಿದೆ, ತೆಗೀರೋ" ಎಂದು ಕೂಗಿದವಳು. ಹೋಗಿ ನೋಡಿದರೆ ಮುಚ್ಚಿದ ಬಟ್ಟೆಯ ಹರಕಿನಿಂದ ಹಲ್ಲಿಯ ಬಾಲ ಅಲ್ಲಾಡುತ್ತಿತ್ತು.

ಹೀಗೆ ಈ ವಂಶದಲ್ಲಿ ತಾಯಿಯಿಂದ ಮಗಳಿಗೆ, ಮಗಳಿಲ್ಲದಿದ್ದರೆ ಸೊಸೆಗೆ ಇಳಿದು ಬರುವುದು ಒಂದು ತೊಳಸುಗೋಲು. ಕೋಲಿನ ಜೊತೆಗೆ ಒಳ್ಳೆಯ ಕಿವಿಯೂ ಇರಬೇಕು.

ಕಿವಿ ಯಾಕೆ ಎಂದರೆ, ಕೆಲಸ ಅಂಥದ್ದು. ಕೆಂಜೋಳವನ್ನು ನೆನೆಹಾಕಿ, ಒದ್ದೆ ಗೋಣಿತಾಟಿನ ಮೇಲೆ ಹರಡಿ, ಮೊಳಕೆ ಒಂದು ಉಗುರುದ್ದ ಬಂದ ಮೇಲೆ ಒಣಗಿಸಿ, ತರಿತರಿಯಾಗಿ ಬೀಸಬೇಕು. ಬೇರೆ ಹಿಟ್ಟಿನಲ್ಲಿ ಗಂಜಿ ಕಾಯಿಸಿ, ಬೆರಳಿಟ್ಟರೆ ತಾಳುವಷ್ಟು ಆರಿಸಿ, ಮೊಳಕೆಹಿಟ್ಟು ಕಲಸಿ, ಕೋಲಿನಿಂದ ತೊಳಸಿ, ಗುಡಾಣಕ್ಕೆ ತುಂಬಿ ಬಾಯಿಗೆ ಬಟ್ಟೆ ಬಿಗಿಯಬೇಕು. ಅಲ್ಲಿಂದ ಮುಂದೆ ಸೋಸುವ ತನಕ ಬಟ್ಟೆ ಬಿಚ್ಚುವಂತಿಲ್ಲ. ಬಿಚ್ಚಿದರೆ ನೊಣ, ಧೂಳು, ಪಕ್ಕದ ಮನೆಯವರ ಮೂಗು, ಎಲ್ಲ ಒಳಗೆ ಬರುತ್ತವೆ. ಆದ್ದರಿಂದ ಗುಡಾಣದ ಹೊಟ್ಟೆಗೆ ಕಿವಿ ಆನಿಸಿಯೇ ಒಳಗಿನ ಸಮಾಚಾರ ತಿಳಿಯಬೇಕು. ಮೊದಲು ಮಲಗಿದ ಮಗುವಿನ ಹಾಗೆ ಸದ್ದೇ ಇರುವುದಿಲ್ಲ. ಆಮೇಲೆ ಸವತಿಯರ ಜಗಳ ಶುರುವಾಗುತ್ತದೆ, ಬುಸಬುಸ, ಗುಳುಗುಳು. ಜಗಳ ತಣ್ಣಗಾಗಿ, ಊಟ ಮುಗಿಸಿದ ಮುದುಕಿಯರ ಹರಟೆಯ ಹಾಗೆ ಆಗೊಂದು ಈಗೊಂದು ಗುಳಕ್ ಎಂದಾಗ ಸೋಸಬೇಕು. ಹರಟೆಯೂ ನಿಂತಿತೋ, ಹುಳಿ.

ಮನೆಯ ಕಟ್ಟಳೆಯೂ ಇದರ ಮೇಲೆಯೇ ನಿಂತದ್ದು: ಗುಡಾಣದ ಮಾತು ತಿಳಿಯದ ದಿನ ಕೋಲು ಕೆಳಗಿಡಬೇಕು. ಹಲ್ಲಿ ಹಿಡಿದ ಆ ತಾಯಿಯೂ ಒಂದು ದಿನ ಕೋಲನ್ನು ಮಗಳ ಕೈಗೆ ಕೊಟ್ಟು ಹೊಸ್ತಿಲಾಚೆ ಕುಳಿತಳು. ಅದಾದ ಮೇಲೆ ನಾಲ್ಕು ವರ್ಷ ಬದುಕಿದ್ದರೂ ಹೆಂಡದ ಕೋಣೆಗೆ ಕಾಲಿಡಲಿಲ್ಲ. ಅವರೆಕಾಯಿ ಬಿಡಿಸುತ್ತ ಗೋಡೆ ನೋಡುತ್ತಿದ್ದಳು. ನೊರೆಯಜ್ಜಿಗೆ ಸಾವಿನ ಭಯವಿಲ್ಲ. ಆ ಗೋಡೆಯ ಭಯವಿದೆ.

ಅಜ್ಜಿಯ ಕಿವಿ ಯಾವಾಗ ಕೈಕೊಟ್ಟಿತೆಂದು ಅಜ್ಜಿಗೇ ಗೊತ್ತಾಗಲಿಲ್ಲ. ಅದಕ್ಕೆ ಕಾರಣ ಸೊಸೆ. ಸೊಸೆ ಬಸ್ ಕಂಡಕ್ಟರ್. ಅವಳು ಪಿಸುಗುಟ್ಟಿದರೂ ಕೊನೆಯ ಸೀಟಿನವನು ಚೀಲ ಎತ್ತಿಕೊಂಡು ಇಳಿಯಲು ಸಿದ್ಧನಾಗುತ್ತಾನೆ. "ಅತ್ತೇ, ಉಪ್ಪು!" ಎಂದರೆ ಎದುರು ಮನೆಯವರೂ ಉಪ್ಪು ತಂದುಕೊಡಬೇಕು. ಅಂಥವಳ ಜೊತೆ ಹದಿನಾಲ್ಕು ವರ್ಷ ಸಂಸಾರ ಮಾಡಿದವರಿಗೆ ಲೋಕ ಮೆತ್ತಗಾದದ್ದು ಹೇಗೆ ತಿಳಿಯಬೇಕು? ಮಗನಂತೂ ಲಾರಿ ಓಡಿಸಿಕೊಂಡು ತಿಂಗಳಿಗೆ ಎರಡು ದಿನ ಮನೆಗೆ ಬರುವವನು. ಬಂದಾಗ ಮಾತಾಡುವುದಕ್ಕಿಂತ ನಿದ್ದೆ ಮಾಡುವುದೇ ಹೆಚ್ಚು.

ತಿಳಿದದ್ದು ಒಂದು ಶನಿವಾರ. ಅಜ್ಜಿ ಗುಡಾಣಕ್ಕೆ ಕಿವಿ ಆನಿಸಿದಳು. ಸದ್ದಿಲ್ಲ. ಇನ್ನೂ ಮಲಗಿದೆ ಎಂದುಕೊಂಡು ಒಂದು ದಿನ ಬಿಟ್ಟಳು. ಮಾರನೆಯ ದಿನವೂ ಸದ್ದಿಲ್ಲ. ತಾಳ್ಮೆ ಕೆಟ್ಟು ಸೋಸಿ ಬಡಿಸಿದರೆ, ಮೊದಲ ಲೋಟ ಎತ್ತಿದ ಬೀಗದಣ್ಣನ ಎರಡು ಕಣ್ಣೂ ಮುಚ್ಚಿಕೊಂಡವು. ಬೀದಿಯ ತುದಿಯಲ್ಲಿ ಬೀಗ ರಿಪೇರಿ ಮಾಡುವ ಅವನು ಇಪ್ಪತ್ತು ವರ್ಷದ ಗಿರಾಕಿ, ಅದಕ್ಕಿಂತ ಹಳೆಯ ಬಾಯಿಬಡುಕ.

"ಅಜ್ಜೀ, ಇನ್ನೊಂದು ಲೋಟ ಕೊಡು."

"ಚೆನ್ನಾಗಿದೆಯೇನೋ?"

"ಕುಡಿಯೋಕಲ್ಲ. ಅಂಗಡೀಲಿ ತುಕ್ಕು ಹಿಡಿದ ಬೀಗ ಒಂದಿದೆ. ಇದರಲ್ಲಿ ಅದ್ದಿದ್ರೆ ತಾನಾಗೇ ಬಿಚ್ಕೊಳ್ಳುತ್ತೆ."

ಬೆಂಚಿನ ಮೇಲಿದ್ದವರೆಲ್ಲ ನಕ್ಕರು. ಅಜ್ಜಿ ಜೋಳವನ್ನು ಬೈದಳು, ಅದನ್ನು ತಂದುಕೊಟ್ಟ ಅಂಗಡಿಯವನನ್ನು ಬೈದಳು, ಸೆಕೆಯನ್ನು ಬೈದಳು. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಬೈಯುತ್ತಲೇ ಅವಳಿಗೆ ಒಳಗೊಳಗೇ ಗೊತ್ತಾಗಿತ್ತು.

ಮುಂದಿನ ವಾರ ಹೆದರಿ ಬೇಗ ಸೋಸಿದಳು. ಈ ಸಲ ಬೀಗದಣ್ಣ ಒಂದು ಗುಟುಕು ಕುಡಿದು, ಲೋಟವನ್ನು ಮೆಲ್ಲಗೆ ಕೆಳಗಿಟ್ಟು, "ಚಮಚ ಇದ್ರೆ ಕೊಡು, ಮೊಮ್ಮಗೂಗೆ ತಿನ್ನಿಸ್ತೀನಿ" ಅಂದ. ಗಂಜಿ, ಬರೀ ಸಿಹಿ ಗಂಜಿ.

ಆ ದಿನ ಬೆಂಚಿನ ಮೇಲೆ ಅಜ್ಜಿಯ ತಂಗಿಯ ಮಗನೂ ಇದ್ದ. ಅವನು ಹಲ್ಲಿನ ಡಾಕ್ಟರ್. ಪ್ರತಿ ಶನಿವಾರ ಬಂದು, ಒಂದು ಲೋಟ ಕುಡಿದು, ದೊಡ್ಡಮ್ಮನ ಬಾಯಿ ನೋಡಿ ನಿಟ್ಟುಸಿರು ಬಿಡುವುದು ಅವನ ಪದ್ಧತಿ. ಅಜ್ಜಿಯ ಬಾಯಲ್ಲಿ ಉಳಿದಿದ್ದದ್ದು ಮೂರು ಹಲ್ಲು, ಮೇಲೆರಡು ಕೆಳಗೊಂದು. ಮೂರನ್ನೂ ಕಿತ್ತು ಪೂರ್ತಿ ಸೆಟ್ಟು ಕೂರಿಸಬೇಕೆಂದು ಅವನು ಎರಡು ವರ್ಷದಿಂದ ಗಂಟುಬಿದ್ದಿದ್ದ. ಹಿಂದಿನ ತಿಂಗಳು ಅಜ್ಜಿ ಕಾಟ ತಾಳದೆ ಒಪ್ಪಿಯೂ ಬಿಟ್ಟಿದ್ದಳು: ಬರುವ ಸೋಮವಾರ ಬಿಟ್ಟು ಅದರ ಮುಂದಿನ ಸೋಮವಾರ ಬೆಳಗ್ಗೆ ಹತ್ತಕ್ಕೆ.

ಗಿರಾಕಿಗಳು ಹೋದ ಮೇಲೆ ಸೊಸೆ ಲೋಟ ತೊಳೆಯುತ್ತ, ಅವಳ ಮಟ್ಟಿಗೆ ಮೆಲ್ಲಗೆ ಅಂದಳು, "ಅತ್ತೆ, ಕೇಳಿಸ್ತಿಲ್ವಾ?"

"ಏನು ಕೇಳಿಸ್ತಿಲ್ಲ? ನಿನ್ನ ಧ್ವನಿ ಮೂರು ಬೀದಿಗೆ ಕೇಳ್ಸುತ್ತೆ."

"ನಂದಲ್ಲ ಅತ್ತೆ. ಗುಡಾಣದ್ದು."

ಅಜ್ಜಿ ತೊಳಸುಗೋಲನ್ನು ಸೆರಗಿನಿಂದ ಒರೆಸಿದಳು, ಒರೆಸಿದ್ದನ್ನೇ ಮತ್ತೆ ಒರೆಸಿದಳು.

ಸೊಸೆ ಕೆಟ್ಟವಳಲ್ಲ. ಆದರೆ ಟಿಕೆಟ್ ಇಲ್ಲದವರನ್ನು, ಅವರು ಸ್ವಂತ ಮಾವನೇ ಆದರೂ, ಇಳಿಸಿ ಅಭ್ಯಾಸವಿದ್ದವಳು. "ಕಟ್ಟಳೆ ನೀವೇ ಹೇಳಿಕೊಟ್ಟಿದ್ದು. ನಾನು ಮೂರು ಗುಡಾಣ ಹೂಡ್ತೀನಿ, ಬೇರೆ ಬೇರೆ ಹೊತ್ತಿಗೆ. ಯಾವುದು ಯಾವಾಗ ಹೂಡಿದ್ದು ಅಂತ ಹೇಳಲ್ಲ. ಶನಿವಾರ ಎಲ್ಲರ ಎದುರಿಗೆ ಸೋಸೋಕೆ ಬಂದಿರೋದನ್ನ ತೋರಿಸಿಬಿಡಿ. ತೋರಿಸಿದ್ರೆ ಇನ್ನು ಈ ಮಾತೇ ಎತ್ತಲ್ಲ."

"ತೋರಿಸದಿದ್ರೆ?"

"ಕೋಲು ನನ್ನ ಕೈಗೆ. ನೀವು ಆರಾಮಾಗಿ ಕೂತ್ಕೊಳ್ಳಿ."

ಆರಾಮಾಗಿ ಕೂತುಕೊಳ್ಳುವುದು! ಅಜ್ಜಿಯ ಕಣ್ಣ ಮುಂದೆ ತಾಯಿಯ ಗೋಡೆ ಬಂದು ನಿಂತಿತು.

ಗುರುವಾರದವರೆಗೆ ಅಜ್ಜಿ ಮಾಡದ ಉಪಾಯವಿಲ್ಲ. ಕಿವಿಗೆ ಬೆಚ್ಚಗಿನ ಎಣ್ಣೆ ಬಿಟ್ಟಳು. ಎಣ್ಣೆ ಕುತ್ತಿಗೆಗೆ ಇಳಿಯಿತು. ಲೋಟ ಬೋರಲು ಹಾಕಿ ಅದರ ತಳಕ್ಕೆ ಕಿವಿ ಇಟ್ಟಳು. ಕೆನ್ನೆಯ ಮೇಲೆ ದುಂಡಗೆ ಮುದ್ರೆ ಬಿತ್ತು. ಗುಡಾಣದ ಮುಂದೆ ಕುಕ್ಕರುಗಾಲಲ್ಲಿ ಕೂತು, "ನಿನ್ನ ಜೊತೆ ಐವತ್ತು ವರ್ಷ ಬಾಳಿದೀನಿ, ಒಂದು ಮಾತು ಜೋರಾಗಿ ಆಡಿದ್ರೆ ನಿನ್ನ ಗಂಟು ಹೋಗುತ್ತಾ?" ಎಂದು ಜಗಳ ತೆಗೆದಳು. ಗುಡಾಣ ಅಳಿಯನ ಹಾಗೆ ಬಿಗಿದುಕೊಂಡು ಕೂತಿತ್ತು.

ಗುರುವಾರ ಮಧ್ಯಾಹ್ನ ಸೊಸೆ ಡ್ಯೂಟಿಗೆ ಹೋಗಿದ್ದಾಗ ಅಜ್ಜಿ ಹಿಂದಿನ ದಿನ ತಾನೇ ಹೂಡಿದ್ದ ಗುಡಾಣವೊಂದು ಒಣಹುಲ್ಲಿನ ಸಿಂಬೆಯ ಮೇಲೆ ವಾಲಿರುವುದನ್ನು ಕಂಡಳು. ಸರಿಪಡಿಸಲು ಎರಡೂ ಕೈ ಬೇಕು. ಕೈಯಲ್ಲಿ ಕೋಲಿದೆ, ನೆಲಕ್ಕಿಡುವ ಕೋಲಲ್ಲ ಅದು. ಬಾಯಲ್ಲಿ ಕಚ್ಚಿಕೊಂಡು, ಬಗ್ಗಿ, ಗುಡಾಣವನ್ನು ತಬ್ಬಿ ಎತ್ತಿ ಸಿಂಬೆ ಸರಿಸುತ್ತಿದ್ದಳು. ಕೋಲಿನ ತುದಿ ಗುಡಾಣದ ಹೊಟ್ಟೆಗೆ ತಾಗಿತು.

ಗುಳುಗುಳು. ಬುಸ್. ಗುಳುಗುಳು.

ತನ್ನ ಹೊಟ್ಟೆಯೇ ಹಸಿದು ಕೂಗಿತೆಂದು ಅಜ್ಜಿ ಮೊದಲು ತಿಳಿದಳು. ಕೋಲು ತೆಗೆದಳು, ಸದ್ದು ನಿಂತಿತು. ಮತ್ತೆ ಕಚ್ಚಿ ತಾಗಿಸಿದಳು. ಸವತಿಯರಿಬ್ಬರೂ ತಲೆಬುರುಡೆಯೊಳಗೇ ಬಂದು ಜಗಳ ತೆಗೆದಿದ್ದರು! ಕಿವಿಯ ಬಾಗಿಲು ಮುಚ್ಚಿದ್ದಕ್ಕೆ ಸದ್ದು ಹಲ್ಲಿನ ಕಿಟಕಿಯಿಂದ ಹತ್ತಿ ಬಂದಿತ್ತು. ಅಜ್ಜಿ ಅಲ್ಲೇ ನೆಲದ ಮೇಲೆ ಕಾಲು ಚಾಚಿ ಕೂತಳು. ಕೋಲು ಕಚ್ಚಿದ ಬಾಯಲ್ಲಿ ನಗಲು ಹೋಗಿ ಜೊಲ್ಲು ಸುರಿಯಿತು. ಕಣ್ಣಲ್ಲೂ ಒಂದಿಷ್ಟು ನೀರು ಬಂತು. ಯಾರೂ ನೋಡಲಿಲ್ಲವಾದ್ದರಿಂದ ಎರಡನ್ನೂ ಒಂದೇ ಸೆರಗಿನಲ್ಲಿ ಒರೆಸಿಕೊಂಡಳು.

ಶನಿವಾರ ಬೆಂಚು ಸಾಲದೆ ಜನ ಕಟ್ಟೆಯ ಮೇಲೂ ಕೂತರು. ಮೂರು ಗುಡಾಣ ಸಾಲಾಗಿ ನಿಂತಿದ್ದವು, ಮೂರಕ್ಕೂ ಒಂದೇ ಬಣ್ಣದ ಬಟ್ಟೆ. ಅಜ್ಜಿ ತಲೆ ಬಾಚಿ, ಇಸ್ತ್ರಿ ಸೀರೆ ಉಟ್ಟು ಬಂದಳು.

"ಅಜ್ಜೀ, ಹೆಣ್ಣು ನೋಡೋಕೆ ಯಾರು ಬರ್ತಿದಾರೆ?" ಎಂದ ಬೀಗದಣ್ಣ.

"ನಿಮ್ಮಪ್ಪ ಬಂದಿದ್ದ ಕಣೋ ಒಂದು ಕಾಲದಲ್ಲಿ. ನಾನೇ ಬೇಡ ಅಂದೆ. ಒಪ್ಪಿದ್ರೆ ನೀನು ನನ್ನ ಹೊಟ್ಟೇಲಿ ಹುಟ್ಟಿಬಿಡ್ತಿದ್ದೆ, ಆ ಶಿಕ್ಷೆ ಯಾಕೆ ಅಂತ."

ನಗು ಇಳಿಯುವ ಮೊದಲೇ ಅಜ್ಜಿ ಕೋಲು ಕಚ್ಚಿ ಮೊದಲ ಗುಡಾಣದ ಮುಂದೆ ಬಗ್ಗಿದಳು. ಜನ ಮುಖ ಮುಖ ನೋಡಿಕೊಂಡರು. "ಕಿವಿ ಹೋದ ಹಾಗೆ ತಲೇನೂ ಹೋಯ್ತಾ?" ಎಂದು ಯಾರೋ ಗೊಣಗಿದರು. ಅಜ್ಜಿಗೆ ಕೇಳಿಸಲಿಲ್ಲ, ಅದು ಒಳ್ಳೆಯದೇ ಆಯಿತು. ಮೊದಲನೆಯದರಲ್ಲಿ ಜಗಳ. ಎರಡನೆಯದರಲ್ಲಿ ಮಲಗಿದ ಮಗು. ಮೂರನೆಯದರಲ್ಲಿ ಆಕೆ ಬಹಳ ಹೊತ್ತು ಬಗ್ಗಿಯೇ ಇದ್ದಳು. ಗುಳಕ್. ಸುಮ್ಮನೆ. ಮತ್ತೆ ಗುಳಕ್.

ಬಾಯಿಂದ ಕೋಲು ತೆಗೆದು ಸೊಂಟ ನೆಟ್ಟಗೆ ಮಾಡಿಕೊಂಡಳು. "ಇದು ನಿನ್ನೆ ಬೆಳಗ್ಗೆ ಹೂಡಿದ್ದು, ಜಗಳ ಇನ್ನೂ ಮುಗಿದಿಲ್ಲ. ಇದು ಇವತ್ತು ಬೆಳಗ್ಗಿಂದು, ಕಣ್ಣೇ ಬಿಟ್ಟಿಲ್ಲ. ಇದು ಗುರುವಾರದ್ದು. ಸೋಸು."

ಸೊಸೆ ಮೂರನೆಯದರ ಬಟ್ಟೆ ಬಿಚ್ಚಿದಳು. ಕೆಂಪು ಹೆಂಡದ ಮೇಲೆ ದಪ್ಪ ನೊರೆ ಎದ್ದಿತ್ತು. ಮೊದಲ ಲೋಟ ಬೀಗದಣ್ಣನಿಗೆ. ಅವನು ಕುಡಿದ, ಮೀಸೆ ಒರೆಸಿದ, ಏನಾದರೂ ಕುಹಕ ಸಿಕ್ಕೀತೇ ಎಂದು ಒಂದು ಗಳಿಗೆ ಹುಡುಕಿದ. ಸಿಗಲಿಲ್ಲ. ಸುಮ್ಮನೆ ಲೋಟ ಮುಂದೆ ಚಾಚಿದ.

"ಎಲ್ಲಾ ಸರಿಯಾಗೇ ಹೇಳಿದ್ರಿ. ಆದ್ರೆ ಇದೇನತ್ತೆ ಕೋಲು ಕಚ್ಚೋದು?" ಎಂದ ಸೊಸೆ ತಾನೂ ಕೋಲು ಇಸಿದುಕೊಂಡು ಕಚ್ಚಿ ಮೊದಲ ಗುಡಾಣಕ್ಕೆ ತಾಗಿಸಿದಳು. ಹುಬ್ಬು ಹಣೆಗೇರಿತು. "ಅಯ್ಯಯ್ಯೋ! ಒಳಗೆ ಬಸ್‌ಸ್ಟ್ಯಾಂಡೇ ಇದೆಯಲ್ರೀ!" ಎಂದು ಕೂಗಿದಳು. ಆ ಕೂಗು ನಿಜವಾದ ಬಸ್‌ಸ್ಟ್ಯಾಂಡಿಗೂ ಕೇಳಿಸಿರಬೇಕು. ಆಮೇಲೆ ಕೋಲನ್ನು ತನ್ನ ಸೆರಗಿನಿಂದ ಒರೆಸಿ, ಎರಡೂ ಕೈಯಲ್ಲಿ ಹಿಡಿದು, ಅತ್ತೆಗೆ ಹಿಂದಿರುಗಿಸಿದಳು.

ಹಲ್ಲಿನ ಡಾಕ್ಟರಿಗೆ ಮಾತ್ರ ಸಮಾಧಾನವಿಲ್ಲ. ಲೋಟ ಖಾಲಿ ಮಾಡಿ ಪಕ್ಕಕ್ಕೆ ಬಂದು ಕೂತ. "ದೊಡ್ಡಮ್ಮ, ಈ ವಯಸ್ಸಲ್ಲಿ ಇಂಥ ಸರ್ಕಸ್ ಯಾಕೆ? ಕಿವಿಗೆ ಮಿಷನ್ ಹಾಕಿಸೋಣ, ನನ್ನ ಸ್ನೇಹಿತನೇ ಇದಾನೆ. ಸೋಮವಾರ ಹೇಗೂ ಬರ್ತೀಯಲ್ಲ, ಆ ಮೂರು ಹಲ್ಲು ತೆಗೆದುಬಿಡ್ತೀನಿ. ನೋವೇ ಆಗಲ್ಲ. ಸೆಟ್ಟು ನನ್ನ ಲೆಕ್ಕ. ಕಡಲೆ ಕೂಡ ಕಟುಂ ಅಂತ ಅಗೀಬಹುದು."

ಅಜ್ಜಿ ಎರಡು ಕೈಯಲ್ಲೂ ಬಾಯಿ ಮುಚ್ಚಿಕೊಂಡು, ಬೆರಳ ಸಂದಿಯಿಂದ ಹೇಳಿದಳು:

"ಹಲ್ಲಿದ್ದಾಗ ಕಡಲೆ ಇಲ್ಲ, ಕಡಲೆ ಇದ್ದಾಗ ಹಲ್ಲಿಲ್ಲ ಅಂತ ಗಾದೆ ಕಟ್ಟಿದವರಿಗೆ ಹಲ್ಲಿನ ಉಪಯೋಗವೇ ಗೊತ್ತಿರ್ಲಿಲ್ಲ ಮಗಾ. ಅಗಿಯೋಕೆ ನನಗೆ ಒಸಡು ಸಾಕು. ಮಿಷನ್ ನಿನ್ನ ಸ್ನೇಹಿತನ ಹತ್ರಾನೇ ಇರಲಿ, ಇವಳ ಧ್ವನಿ ಇನ್ನೂ ದೊಡ್ಡದಾದ್ರೆ ನಾನು ಉಳಿಯಲ್ಲ. ಸೋಮವಾರ ಹತ್ತು ಗಂಟೆಗೆ ಬೇರೆ ಯಾರದಾದ್ರೂ ಬಾಯಿ ನೋಡ್ಕೋ. ಇನ್ನೊಂದು ಲೋಟ ಬೇಕಿದ್ರೆ ಕೂತು ಕುಡಿ. ನನ್ನ ಮೂರು ಹಲ್ಲಿಗೆ ಕೈ ಹಚ್ಚಿದ್ರೆ ಮಾತ್ರ, ನೋಡು, ಇರೋ ಮೂರರಿಂದಲೇ ಕಚ್ತೀನಿ."